ಫಿಲಂ ನೋಟಕ್ಕೆ ಯಾವ ಕಲರ್ ಗ್ರೇಡಿಂಗ್ ಸಾಧನ?

ಪ್ರಶ್ನೆ: ಮೇಡಂ, ತೀರ್ಥಹಳ್ಳಿಯ ಸುತ್ತಮುತ್ತ ಮಳೆಗಾಲದಲ್ಲಿ ಚಿತ್ರೀಕರಿಸಿದ ಕಿರುಚಿತ್ರವೊಂದರ ಎಡಿಟಿಂಗ್ ಅನ್ನು ಪ್ರೀಮಿಯರ್‌ನಲ್ಲಿ ಮುಗಿಸಿದ್ದೇನೆ. ಕ್ಯಾಮೆರಾ ಸೋನಿ ಎ6400, ಎಲ್ಲವನ್ನೂ ಎಸ್-ಲಾಗ್3ರಲ್ಲಿ (ಮುಂದೆ ಬಣ್ಣ ತಿದ್ದಲೆಂದು ಚಿತ್ರವನ್ನು ಕಳೆಗುಂದಿದಂತೆ ದಾಖಲಿಸುವ ಸೋನಿಯ ಲಾಗ್ ವಿಧಾನ) ತೆಗೆದಿದ್ದೇವೆ. ರೀಲಿನಲ್ಲಿ ತೆಗೆದ ಸಿನಿಮಾದಂತೆ ಕಾಣಬೇಕೆಂಬುದು ನಿರ್ದೇಶಕರ ಆಸೆ. ಅದಕ್ಕಾಗಿ ಲಟ್‌ಗಳ (ಸಿದ್ಧ ಬಣ್ಣ ಪರಿವರ್ತನೆಯ ಕಡತಗಳ) ಪ್ಯಾಕ್ ಕೊಳ್ಳಬೇಕೇ, ಡಿಹ್ಯಾನ್ಸರ್‌ನಂಥ ಪ್ಲಗಿನ್ ಕೊಳ್ಳಬೇಕೇ, ಅಥವಾ ಡಾವಿಂಚಿ ರಿಸಾಲ್ವ್ ಎಂಬ ಕಲರ್ ಗ್ರೇಡಿಂಗ್ (ಬಣ್ಣ ಹೊಂದಿಸುವ) ತಂತ್ರಾಂಶಕ್ಕೆ ಹೋಗಬೇಕೇ? ಒಂದು ಲಟ್ ಹಾಕಿ ನೋಡಿದಾಗ ನಾಯಕಿಯ ಮುಖ ಇಟ್ಟಿಗೆ ಬಣ್ಣಕ್ಕೆ ತಿರುಗಿತು, ಅಡಿಕೆ ತೋಟದ ಹಸಿರು ಕಣ್ಣಿಗೆ ಚುಚ್ಚುವಂತಾಯಿತು.

ಉತ್ತರ: ರಿಸಾಲ್ವ್‌ನ ಉಚಿತ ಆವೃತ್ತಿಯಿಂದ ಆರಂಭಿಸಿ. ಲಟ್ ಪ್ಯಾಕಿಗೆ ಹಣ ಕೊಡಬೇಡಿ. ಪ್ಲಗಿನ್ ಬೇಕೇ ಬೇಡವೇ ಎಂಬುದನ್ನು ಕೊನೆಯಲ್ಲಿ ತೀರ್ಮಾನಿಸಿದರೆ ಸಾಕು.

ಮುಖ ಇಟ್ಟಿಗೆ ಬಣ್ಣವಾದದ್ದಕ್ಕೆ ಲಟ್ ಒಂದನ್ನೇ ದೂರುವಂತಿಲ್ಲ. ಲಟ್ ಎಂಬುದು ಕೇವಲ ಒಂದು ಕೋಷ್ಟಕವಾಗಿದ್ದು, ತನಗೆ ಬರುವ ಚಿತ್ರ ಇಂಥ ಬಣ್ಣದ ವಲಯದಲ್ಲಿ, ಇಂಥ ಗಾಮಾದಲ್ಲಿ (ಬೆಳಕು-ನೆರಳಿನ ಹಂಚಿಕೆಯಲ್ಲಿ) ಇದೆಯೆಂದು ಮೊದಲೇ ಎಣಿಸಿಕೊಂಡಿರುತ್ತದೆ. ಆ ಎಣಿಕೆ ತಪ್ಪಿದರೆ ಅದು ಕೊಡುವ ಬಣ್ಣವೂ ತಪ್ಪುತ್ತದೆ. ಪ್ರೀಮಿಯರ್‌ನ ಈಚಿನ ಆವೃತ್ತಿಗಳು ಲಾಗ್ ಚಿತ್ರವನ್ನು ಗುರುತಿಸಿ ತಾವೇ ರೆಕ್ 709ಕ್ಕೆ (ಸಾಮಾನ್ಯ ಪರದೆಗಳ ಬಣ್ಣದ ಮಾನಕ) ಪರಿವರ್ತಿಸುವುದುಂಟು. ಅದರ ಮೇಲೆ ಲಾಗ್‌ಗಾಗಿ ಮಾಡಿದ ಲಟ್ ಕೂರಿಸಿದರೆ ಕಾಂಟ್ರಾಸ್ಟ್ ಮತ್ತು ಸ್ಯಾಚುರೇಶನ್ (ಬಣ್ಣದ ತೀವ್ರತೆ) ಎರಡೆರಡು ಬಾರಿ ಏರುತ್ತವೆ, ಕಂದು ಮೈಬಣ್ಣ ಮೊದಲು ಕೆಡುತ್ತದೆ.

ರಿಸಾಲ್ವ್‌ನ ಉಚಿತ ಆವೃತ್ತಿಯ ಲಟ್ ಪಟ್ಟಿಯಲ್ಲಿ ‘ಫಿಲಂ ಲುಕ್ಸ್’ ಎಂಬ ಫೋಲ್ಡರ್ ಇದೆ. ಅದರೊಳಗೆ ಕೊಡಾಕ್ 2383 ಮತ್ತು ಫ್ಯೂಜಿಫಿಲಂ 3513 ಪ್ರಿಂಟುಗಳನ್ನು ಅನುಕರಿಸುವ ಲಟ್‌ಗಳು ಸಿಗುತ್ತವೆ. ಇವು ಕ್ಯಾಮೆರಾಕ್ಕೆ ಹಾಕುವ ನೆಗೆಟಿವ್ ಅಲ್ಲ, ಚಿತ್ರಮಂದಿರದ ಪ್ರೊಜೆಕ್ಟರ್‌ಗೆ ಹೋಗುತ್ತಿದ್ದ ಪ್ರಿಂಟ್ ಫಿಲಂಗಳು. ಪ್ರೇಕ್ಷಕರು ‘ಸಿನಿಮಾ ಬಣ್ಣ’ ಎಂದು ನೆನಪಿಟ್ಟುಕೊಂಡಿರುವುದರಲ್ಲಿ ಈ ಪ್ರಿಂಟಿನ ಪಾಲು ದೊಡ್ಡದು. ಈ ಲಟ್‌ಗಳು ನಿರೀಕ್ಷಿಸುವುದು ಸಿನಿಯಾನ್ ಲಾಗ್ (ಫಿಲಂ ಸ್ಕ್ಯಾನ್ ಮಾಡಲು ಬಳಸುತ್ತಿದ್ದ ಲಾಗ್ ವಿಧಾನ) ಚಿತ್ರವನ್ನು. ಆದ್ದರಿಂದ ಮೊದಲ ನೋಡ್‌ನಲ್ಲಿ (ರಿಸಾಲ್ವ್‌ನಲ್ಲಿ ತಿದ್ದುಪಡಿಯ ಒಂದೊಂದು ಹಂತಕ್ಕೆ ನೋಡ್ ಎನ್ನುತ್ತಾರೆ) ಎಕ್ಸ್‌ಪೋಶರ್ ಮತ್ತು ವೈಟ್ ಬ್ಯಾಲೆನ್ಸ್ ಸರಿಪಡಿಸಿ, ಎರಡನೆಯದರಲ್ಲಿ ಕಲರ್ ಸ್ಪೇಸ್ ಟ್ರಾನ್ಸ್‌ಫಾರ್ಮ್ ಹಾಕಿ, ಎಸ್-ಲಾಗ್3ರಿಂದ ರೆಕ್ 709 ಬಣ್ಣವಲಯ ಹಾಗೂ ಸಿನಿಯಾನ್ ಫಿಲಂ ಲಾಗ್ ಗಾಮಾಕ್ಕೆ ತಂದು, ಮೂರನೆಯದರಲ್ಲಿ 2383ರ ಡಿ65 (ಹಗಲು ಬೆಳಕಿನ ಬಿಳುಪಿನ) ಲಟ್ ಇಡಿ. ನಿಮ್ಮ ಕ್ಯಾಮೆರಾದಲ್ಲಿ ಪಿಪಿ8 (ಪಿಕ್ಚರ್ ಪ್ರೊಫೈಲ್ 8) ಬಳಸಿದ್ದರೆ ಮೂಲ ಬಣ್ಣವಲಯ ಎಸ್-ಗ್ಯಾಮಟ್3.ಸಿನೆ, ಪಿಪಿ9 ಆಗಿದ್ದರೆ ಎಸ್-ಗ್ಯಾಮಟ್3. ತಿದ್ದುಪಡಿ ಏನೇ ಇದ್ದರೂ ಲಟ್‌ಗೆ ಮುಂಚೆಯೇ ಮಾಡಿ, ಅದರ ಆಚೆಗೆ ಬೇಡ.

ಇನ್ನು ತೋಟದ ಹಸಿರು. ಫಿಲಂನಲ್ಲಿ ಬಣ್ಣ ಹುಟ್ಟುವುದು ಸಯಾನ್, ಮೆಜೆಂಟಾ, ಹಳದಿ ವರ್ಣದ್ರವ್ಯಗಳು ಬೆಳಕನ್ನು ಹೀರಿಕೊಳ್ಳುವುದರಿಂದ. ಹಾಗಾಗಿ ಬಣ್ಣ ಗಾಢವಾದಷ್ಟೂ ಕಪ್ಪಾಗುತ್ತದೆ. ಸಾಮಾನ್ಯ ಸ್ಯಾಚುರೇಶನ್ ಗುಂಡಿ ಹಾಗೆ ಮಾಡುವುದಿಲ್ಲ, ಎಲೆಗಳು ಹೊಳೆಯತೊಡಗುತ್ತವೆ. ಇದಕ್ಕೆ ಖರ್ಚಿಲ್ಲದ ಉಪಾಯವೊಂದಿದೆ: ಲಟ್‌ಗೆ ಮುಂಚೆ ಸೇರಿಸಿದ ಹೊಸ ನೋಡ್‌ನ ಕಲರ್ ಸ್ಪೇಸನ್ನು ಎಚ್‌ಎಸ್‌ವಿ (ವರ್ಣ, ತೀವ್ರತೆ, ಹೊಳಪು ಬೇರೆಬೇರೆಯಾಗಿರುವ ವಿಧಾನ) ಮಾಡಿ, ಒಂದನೇ ಮತ್ತು ಮೂರನೇ ಚಾನೆಲ್ ಆಫ್ ಮಾಡಿ, ತೀವ್ರತೆಯ ಎರಡನೇ ಚಾನೆಲ್ ಮಾತ್ರ ಉಳಿಸಿ, ಗೇನ್ ಚಕ್ರವನ್ನು ತುಸುವೇ ಏರಿಸಿ. ಹಸಿರು ಹೊಳಪಿಗೆ ಹೋಗದೆ ಆಳಕ್ಕೆ ಇಳಿಯುವುದನ್ನು ಕಾಣುವಿರಿ.

ಒಂದು ಮಿತಿ ಮಾತ್ರ ಯಾವ ಸಾಧನದಿಂದಲೂ ದಾಟಲಾಗದು. ಎ6400 ದಾಖಲಿಸುವುದು 8 ಬಿಟ್ ಚಿತ್ರ, ಅಂದರೆ ಪ್ರತಿ ಚಾನೆಲ್‌ಗೆ 256 ಮೆಟ್ಟಿಲು. 10 ಬಿಟ್‌ನಲ್ಲಿ ಅದು 1024. ಮೋಡ ಕವಿದ ಆಕಾಶವನ್ನು ಹೆಚ್ಚು ಎಳೆದಾಡಿದರೆ ಪಟ್ಟೆಪಟ್ಟೆಯಾಗುತ್ತದೆ.

ಮರುಪ್ರಶ್ನೆ: ಧನ್ಯವಾದ ಮೇಡಂ. ಗ್ರೇನ್ (ಫಿಲಂನಲ್ಲಿ ಕಾಣುವ ಸಣ್ಣ ಕಣಗಳು) ಮತ್ತು ದೀಪಗಳ ಸುತ್ತ ಬರುವ ಕೆಂಪು ಪ್ರಭೆಗೆ ಪ್ಲಗಿನ್ ಬೇಕೇ ಬೇಕಲ್ಲವೇ? ರಾತ್ರಿಯ ದೃಶ್ಯಗಳಲ್ಲಿ ನಾಯ್ಸ್ (ಕಡಿಮೆ ಬೆಳಕಿನಲ್ಲಿ ಕ್ಯಾಮೆರಾ ಹುಟ್ಟಿಸುವ ಚುಕ್ಕೆಗಳು) ಕೂಡ ಇದೆ.

ಉತ್ತರ: ನಾಯ್ಸ್ ಇದೆಯೆಂದರೆ ಉತ್ತರ ಸುಲಭ. ರಿಸಾಲ್ವ್ ಸ್ಟುಡಿಯೋ ಕೊಳ್ಳಿ. ಬಹಳ ವರ್ಷಗಳಿಂದ ಅದರ ಬೆಲೆ 295 ಡಾಲರ್, ವಾರ್ಷಿಕ ಶುಲ್ಕವಿಲ್ಲ. ಉಚಿತ ಆವೃತ್ತಿಯಲ್ಲಿ ಇಲ್ಲದ ನಾಯ್ಸ್ ರಿಡಕ್ಷನ್, ಫಿಲಂ ಗ್ರೇನ್, ಹ್ಯಾಲೇಶನ್ (ನೀವು ಕೇಳಿದ ಕೆಂಪು ಪ್ರಭೆ) ಮೂರೂ ಅದರಲ್ಲಿವೆ; 2024ರ 19ನೇ ಆವೃತ್ತಿಯಿಂದ ಗ್ರೇನ್, ಹ್ಯಾಲೇಶನ್‌ಗಳನ್ನು ಒಟ್ಟುಗೂಡಿಸಿದ ಫಿಲಂ ಲುಕ್ ಕ್ರಿಯೇಟರ್ ಕೂಡ ಇದೆ. ಡಿಹ್ಯಾನ್ಸರ್ ಮತ್ತು ಫಿಲಂಕನ್ವರ್ಟ್ ನೈಟ್ರೇಟ್ ಒಳ್ಳೆಯ ಪ್ಲಗಿನ್‌ಗಳೇ, ಹಲವು ಬಗೆಯ ಫಿಲಂಗಳ ಪ್ರೊಫೈಲ್‌ಗಳನ್ನು ಕೊಡುತ್ತವೆ. ಪ್ರೀಮಿಯರ್ ಬಿಟ್ಟು ಹೊರಬರಲಾರೆ ಎನ್ನುವವರಿಗೆ ನಾನು ಅವನ್ನೇ ಸೂಚಿಸುತ್ತೇನೆ. ನಾಯ್ಸನ್ನು ಮೊದಲ ನೋಡ್‌ನಲ್ಲೇ ತೆಗೆದು ಗ್ರೇನನ್ನು ಕೊನೆಯಲ್ಲಿ ಸೇರಿಸಬೇಕು. ನಾಯ್ಸಿನ ಮೇಲೇ ಗ್ರೇನ್ ಹಾಕಿದರೆ ಚಿತ್ರ ಕೊಳಕಾಗಿ ಕಾಣುತ್ತದೆಯೇ ಹೊರತು ಫಿಲಂನಂತಲ್ಲ.

ಹ್ಯಾಲೇಶನ್ ಬಗ್ಗೆ ಕೈ ಬಿಗಿಯಾಗಿರಲಿ. ತೀವ್ರವಾದ ಬೆಳಕು ಎಮಲ್ಶನ್ (ಬೆಳಕಿಗೆ ಸ್ಪಂದಿಸುವ ಪದರಗಳು) ದಾಟಿ, ಫಿಲಂನ ಹಿಂಬದಿಗೆ ತಾಗಿ ಮರಳುವಾಗ ಎಲ್ಲಕ್ಕಿಂತ ಕೆಳಗಿರುವ, ಕೆಂಪಿಗೆ ಸ್ಪಂದಿಸುವ ಪದರವನ್ನು ತಟ್ಟುತ್ತದೆ; ಕೆಂಪು ಅಂಚು ಮೂಡುವುದು ಅದರಿಂದ. ಕೊಡಾಕ್ ವಿಷನ್3 ನೆಗೆಟಿವ್‌ಗಳ ಹಿಂಬದಿಗೆ ಇದನ್ನು ತಡೆಯಲೆಂದೇ ರೆಮ್‌ಜೆಟ್ ಎಂಬ ಕಪ್ಪು ಲೇಪವಿರುತ್ತಿತ್ತು. ಆ ಲೇಪ ತೆಗೆದು ಮಾರುವ ಸಿನೆಸ್ಟಿಲ್ ಫಿಲಂನ ಛಾಯಾಚಿತ್ರಗಳನ್ನು ನೋಡಿದವರು ಪ್ರತಿ ಬಲ್ಬಿನ ಸುತ್ತಲೂ ಕೆಂಪು ಬಳೆ ತೊಡಿಸುತ್ತಿದ್ದಾರೆ. ಚಿತ್ರಮಂದಿರದ ಫಿಲಂ ಹಾಗೆ ಇರಲಿಲ್ಲ.

ಇನ್ನೊಬ್ಬ ಸದಸ್ಯರ ಪ್ರಶ್ನೆ: ಎಪ್ಪತ್ತರ ದಶಕದ ಕನ್ನಡ ಚಿತ್ರಗಳ ಹಳೆಯ ಪ್ರಿಂಟುಗಳಲ್ಲಿ ಕಾಣುವ ಗುಲಾಬಿ ಛಾಯೆಗೆ ಯಾವ ಲಟ್ ಸರಿ?

ಉತ್ತರ: ಅದು ಆ ಚಿತ್ರಗಳ ಮೂಲ ಬಣ್ಣವಲ್ಲ. ಆ ಕಾಲದ ಈಸ್ಟ್‌ಮನ್‌ಕಲರ್ ಪ್ರಿಂಟುಗಳಲ್ಲಿ ಸಯಾನ್ ವರ್ಣದ್ರವ್ಯ ಉಳಿದವಕ್ಕಿಂತ ಬೇಗ ಮಾಸುತ್ತಿತ್ತು, ಮೆಜೆಂಟಾ ಉಳಿಯುತ್ತಿತ್ತು. ಕಥೆಗೆ ಮಾಸಿದ ಪ್ರಿಂಟೇ ಬೇಕಿದ್ದರೆ ಲಟ್ ಹುಡುಕಬೇಕಾಗಿಲ್ಲ. ಪ್ರಿಂಟ್ ಲಟ್‌ನ ನಂತರ, ಇಲ್ಲಿ ಮಾತ್ರ, ಕೆಂಪು ಕರ್ವ್‌ನ ಕೆಳತುದಿಯನ್ನು ಮೇಲೆತ್ತಿ ಕಪ್ಪುಗಳಿಗೆ ಕೆಂಪು ಬೆರೆಸಿದರೆ ಸಾಕು.

ಮರುಪ್ರಶ್ನೆ: ಯೂಟ್ಯೂಬ್‌ಗೆ ಏರಿಸಿದಾಗ ಗ್ರೇನ್ ಉಳಿಯುತ್ತದೆಯೇ?

ಉತ್ತರ: ಸಣ್ಣ ಗ್ರೇನ್ ಕಂಪ್ರೆಶನ್ನಿನಲ್ಲಿ ಕರಗಿಹೋಗುತ್ತದೆ. ಚಿತ್ರವನ್ನು 4ಕೆಯಲ್ಲೇ ಏರಿಸಿ, ಗ್ರೇನನ್ನು ಸ್ವಲ್ಪ ದಪ್ಪವಾಗಿಡಿ. ಚಿತ್ರೋತ್ಸವಕ್ಕೆ ಕಳಿಸುವ ಪ್ರತಿಗೆ ಮಾತ್ರ ಸಣ್ಣ ಗ್ರೇನಿನ ಪ್ರತ್ಯೇಕ ರೆಂಡರ್ ಮಾಡಿಟ್ಟುಕೊಳ್ಳಿ.