ಹಿಂದೋಲೆ ಮೃಗಶಿರ ಮಳೆ ದಾಟಿ ಹಿಂದಕ್ಕೆ ಹೋಗುತ್ತಿಲ್ಲ, ಪ್ರತಿ ಸಲ ‘ವಾಪಸ್’

ತೋಟದಮನೆ (ತೀರ್ಥಹಳ್ಳಿ)
ಎಂಟು ದಿನದಿಂದ ತಲೆ ಕೆಟ್ಟಿದೆ. ಅಡಿಕೆ ತೋಟಕ್ಕೆ ಕೊಳೆರೋಗ ಬರದಂತೆ ಹೋದ ವರ್ಷಕ್ಕೆ ಒಂದೇ ಒಂದು ಸಾಲು ಕಳಿಸಬೇಕು: ‘ಔಷಧಿ ನಾಳೆ ಬೇಡ, ಇವತ್ತೇ ಹೊಡೆಸು.’ ಹಳೆಯ ದಿನಗಳಿಗೆ ಸಾಲು ಕಳಿಸುವ ಈ ಹಿಂದೋಲೆ ಪೆಟ್ಟಿಗೆ ನಿನ್ನೆಗೆ ಕಳಿಸುತ್ತದೆ, ದೀಪಾವಳಿಗೆ ಕಳಿಸುತ್ತದೆ, ಶ್ರಾವಣಕ್ಕೂ ಕಳಿಸುತ್ತದೆ. ಮೃಗಶಿರ ಹುಟ್ಟುವ ಹಿಂದಿನ ದಿನಕ್ಕೆ ಕೊಟ್ಟರೆ ಮಾತ್ರ ಕೆಂಪು ದೀಪ, ಕಾಗದದ ಟೇಪಿನಲ್ಲಿ ‘ವಾಪಸ್’. ಸುರುಳಿ ಬದಲಿಸಿದೆ, ಫ್ಯೂಸ್ ಬದಲಿಸಿದೆ. ಪೆಟ್ಟಿಗೆ ಹೋದ ವರ್ಷದ ಯುಗಾದಿಯಿಂದ ನಡೆಯುತ್ತಿದೆ. ದಯವಿಟ್ಟು ಯಾರಾದರೂ ದಾರಿ ಹೇಳಿ.

ಘಟ್ಟದಮೇಲೆ (ಆಗುಂಬೆ)
ಅರ್ತಿಂಗ್. ಬೇರೇನೂ ನೋಡಬೇಡಿ. ನಮ್ಮದು ಜಂಬಿಟ್ಟಿಗೆ ನೆಲ, ಬೇಸಿಗೆಯಲ್ಲಿ ಒಣಗಿಬಿಡುತ್ತದೆ. ಗುಂಡಿಗೆ ಇದ್ದಿಲು, ಉಪ್ಪು ತುಂಬಿ ನಾಲ್ಕು ಕೊಡ ನೀರು ಹಾಕಿ.

ತೋಟದಮನೆ
ಹಾಕಿದೆ. ಮತ್ತೆ ವಾಪಸ್.

ಘಟ್ಟದಮೇಲೆ
ಗುಂಡಿ ಎಷ್ಟು ಆಳ? ಎಂಟು ಅಡಿ ಬೇಕು. ವರ್ಷಕ್ಕೆ 7,000 ಮಿ.ಮೀ. ದಾಟುವ ಮಳೆಯಲ್ಲಿ ನನ್ನ ಪೆಟ್ಟಿಗೆ ನಿಂತಿದೆ ಅಂದರೆ ಅದಕ್ಕೆ ಅರ್ತಿಂಗೇ ಕಾರಣ.

ಕೂಡ್ಲಿ ಸಂಗಮ
ಅರ್ತಿಂಗ್ ಬಿಡಿ ಮಾರಾಯ್ರೆ. ಕನೆಕ್ಟರ್ ನೋಡಿ. 2011ರಲ್ಲಿ ಯುರೋಪಿನ ಸರ್ನ್ ಪ್ರಯೋಗಾಲಯದಿಂದ ಇಟಲಿಯ ಗ್ರಾನ್ ಸಾಸ್ಸೋ ಪ್ರಯೋಗಾಲಯಕ್ಕೆ 730 ಕಿ.ಮೀ. ಹೋದ ನ್ಯೂಟ್ರಿನೋ ಎಂಬ ಸೂಕ್ಷ್ಮ ಕಣಗಳು ಬೆಳಕಿಗಿಂತ 60 ನ್ಯಾನೊಸೆಕೆಂಡ್ ಮೊದಲೇ ತಲುಪಿದವು ಅಂತ ಜಗತ್ತೇ ಎದ್ದು ಕೂತಿತ್ತು. ಕೊನೆಗೆ ನೋಡಿದರೆ ಒಂದು ಫೈಬರ್ ಕೇಬಲ್ ಸರಿಯಾಗಿ ಕೂತಿರಲಿಲ್ಲ. ಇನ್ನೊಂದು ಮಾತು. ಆ ಸಾಲು ಹೋಗಿ ತಲುಪಿದ್ದರೆ, ಹೋದ ವರ್ಷವೇ ನಿಮ್ಮ ಕೈಗೆ ಟೇಪ್ ಬಂದಿರಬೇಕಿತ್ತಲ್ವಾ?

ತೋಟದಮನೆ
ಗೊತ್ತು ಸರ್. ಆದರೂ ಕೈ ಕಟ್ಟಿ ಕೂರಲು ಆಗುತ್ತಿಲ್ಲ. ಆ ದಿನ ಮರ ಹತ್ತಿ ಔಷಧಿ ಹೊಡೆಯುವ ಕೊನೆಗಾರ ಅಂಗಳದಲ್ಲೇ ಕೂತಿದ್ದ, ಔಷಧಿಗೆ ಬೇಕಾದ ಮೈಲುತುತ್ತ ಕರಗಿಸಿ ಆಗಿತ್ತು. ‘ಸುಣ್ಣ ಇನ್ನೂ ನೆನೆಯಲಿ, ನಾಳೆ ಹೊಡೆಯೋಣ’ ಅಂದವನು ನಾನೇ. ಮಾರನೇ ದಿನ ಹಿಡಿದ ಮಳೆ ಮೂರು ವಾರ ಬಿಡಲಿಲ್ಲ. ಆಮೇಲೆ ದಿನಾ ಬೆಳಗ್ಗೆ ಮರದ ಬುಡದಲ್ಲಿ ಬಿಳಿ ಬೂಷ್ಟು ಹಿಡಿದ ಹಸಿ ಕಾಯಿ. ಅಪ್ಪ ಬುಟ್ಟಿ ಹಿಡಿದು ಆರಿಸುತ್ತಿದ್ದರು, ಒಂದು ಮಾತೂ ಆಡುತ್ತಿರಲಿಲ್ಲ.

ಹೊಸನಗರ ಗೌಡ
ಅಣ್ಣ, ನೀವು ಮೈಲುತುತ್ತಕ್ಕೆ ಸುಣ್ಣ ಹೊಯ್ಯುತ್ತೀರಾ?

ತೋಟದಮನೆ
ಇಲ್ಲ, ಸುಣ್ಣದ ನೀರಿಗೆ ಮೈಲುತುತ್ತದ ನೀರು. ಒಂದು ಕೆ.ಜಿ.ಗೆ ಒಂದು ಕೆ.ಜಿ., 100 ಲೀಟರ್ ನೀರು.

ಘಟ್ಟದಮೇಲೆ
ಎರಡನ್ನೂ ಒಟ್ಟಿಗೆ ಮೂರನೇ ಡ್ರಮ್ಮಿಗೆ ಬಿಡಬೇಕು. ನಮ್ಮಲ್ಲಿ ಮೊದಲಿನಿಂದ ಹಾಗೇ.

ಹೊಸನಗರ ಗೌಡ
ಹೇಗೇ ಬಿಡಿ, ಕತ್ತಿ ಅದ್ದಿ ನೋಡಬೇಕು. ತುದಿಗೆ ಕೆಂಪು ಬಣ್ಣ ಕೂತರೆ ಸುಣ್ಣ ಸಾಲದು. ಅದನ್ನು ನೋಡದೆ ಹೊಡೆದು ಔಷಧಿಯನ್ನೇ ಬೈಯುವವರು ಜಾಸ್ತಿ.

ಶರಾವತಿ ಸೋಲಾರ್ (ಸಾಗರ)
ನಾನು ಕರೆಂಟ್ ನಂಬುವುದನ್ನೇ ಬಿಟ್ಟಿದ್ದೇನೆ. ಮಾಡಿನ ಮೇಲೆ ಆರು ಪ್ಯಾನಲ್, ಕೆಳಗೆ ನಾಲ್ಕು ಬ್ಯಾಟರಿ. ಪೆಟ್ಟಿಗೆ ಎರಡು ವರ್ಷದಿಂದ ಒಂದು ಕ್ಷಣವೂ ಆರಿಲ್ಲ. ತಾಮ್ರದ ಸುರುಳಿಯನ್ನು ಕೈಯಲ್ಲೇ ಸುತ್ತಿದ್ದು, ಮೇಲೆ ಎರಡು ಕೋಟ್ ವಾರ್ನಿಷ್.

ಭದ್ರಾವತಿ ಫಿಟ್ಟರ್
ಸುರುಳಿ ಮಾತು ಆಮೇಲೆ. ತೋಟದಮನೆಯವರೇ, ‘ವಾಪಸ್’ ಅಂದರೆ ಆ ದಿನ ನಿಮ್ಮ ಪೆಟ್ಟಿಗೆ ಹಿಡಿಯುವ ಸ್ಥಿತಿಯಲ್ಲಿರಲಿಲ್ಲ, ಅಥವಾ ನಡುವೆ ಒಮ್ಮೆ ಆರಿದೆ. ಪೆಟ್ಟಿಗೆ ಆರಿದ ಕಡೆ ದಾರಿ ತುಂಡಾಗುತ್ತದೆ. ಅದರಾಚೆಗೆ ಅದೇ ಪೆಟ್ಟಿಗೆಯಿಂದ ಏನೂ ಹೋಗುವುದಿಲ್ಲ. ಮೃಗಶಿರದ ಹೊತ್ತಿಗೆ ಆರಿಸಿದ್ದಿರಾ?

ತೋಟದಮನೆ
ನಾನು ಆರಿಸಿಲ್ಲ, ಯುಪಿಎಸ್ ಇದೆ. ಗುಡುಗು ಶುರುವಾದಾಗ ಅಮ್ಮ ಎಲ್ಲ ಪ್ಲಗ್ ಕಿತ್ತಿಟ್ಟಿದ್ದರು. ಯುಪಿಎಸ್ ವಯರನ್ನೂ. ಎಲ್ಲರ ಮನೆಯಲ್ಲೂ ಕೀಳುತ್ತಾರಲ್ವಾ, ಅದಕ್ಕೇ ಬರೆಯಲಿಲ್ಲ. ಆ ವಾರವೇ ಮಿಂಚು ತಡೆಯುವ ಅರೆಸ್ಟರ್ ಹಾಕಿಸಿದೆ, ಆಮೇಲೆ ಕಿತ್ತಿಲ್ಲ.

ಭದ್ರಾವತಿ ಫಿಟ್ಟರ್
ಅದೇ. ನಿಮ್ಮ ಪೆಟ್ಟಿಗೆಯಿಂದ ಇನ್ನು ಆಗುವುದಿಲ್ಲ. ರಿಪೇರಿ ಮಾಡುವಂಥದ್ದು ಏನೂ ಇಲ್ಲ, ಬೇಜಾರು ಮಾಡಿಕೊಳ್ಳಬೇಡಿ. ಆಗಿನಿಂದ ಆರದ ಬೇರೆ ಪೆಟ್ಟಿಗೆ ಬೇಕು.

ತೋಟದಮನೆ
ಸಾಗರದ ಅಣ್ಣಾ, ನಿಮ್ಮ ಪೆಟ್ಟಿಗೆಯಲ್ಲಿ ಒಂದು ಸಾಲು ಕಳಿಸಲು ಬಿಡುತ್ತೀರಾ? ಕೊನೆಯಲ್ಲಿ ನಮ್ಮ ಮನೆಯ ಫೋನ್ ನಂಬರ್ ಸೇರಿಸುತ್ತೇನೆ. ಆಗಿನ ನೀವು ನೋಡಿ ಒಂದು ಫೋನ್ ಮಾಡಿದರೆ ಸಾಕು.

ಶರಾವತಿ ಸೋಲಾರ್
ಧಾರಾಳವಾಗಿ ಬನ್ನಿ. ತಡೆಯಿರಿ, ಆ ದಿನದ ಟೇಪ್ ಡಬ್ಬಿಯಲ್ಲಿರಬೇಕು, ತೆಗೆಯುತ್ತೇನೆ.

ಶರಾವತಿ ಸೋಲಾರ್
ಸಿಕ್ಕಿತು. ಕೈ ನಡುಗುತ್ತಿದೆ. ಟೇಪಿನಲ್ಲಿ ಇರುವುದು ಇಷ್ಟು: ‘ಔಷಧಿ ನಾಳೆ ಬೇಡ, ಇವತ್ತೇ ಹೊಡೆಸು. ತೋಟ’. ಅಲ್ಲಿಗೆ ಕಾಗದದ ರೋಲ್ ಮುಗಿದಿದೆ. ಹೊಸ ರೋಲ್ ಹಾಕಿದ್ದು ಮಾರನೇ ದಿನ. ನಾನೇ ನನಗೆ ಕಳಿಸಿಕೊಂಡ ಸಾಲು ಅಂದುಕೊಂಡೆ. ಅವತ್ತು ಮಧ್ಯಾಹ್ನವೇ ಆಳುಗಳನ್ನು ಕರೆದು ಹೊಡೆಸಿದೆ.

ತೋಟದಮನೆ
ನಿಮಗೆ ಕೊಳೆ ಬಂತಾ?

ಶರಾವತಿ ಸೋಲಾರ್
ಇಲ್ಲ. ನಮ್ಮ ಕೇರಿಯಲ್ಲಿ ಉಳಿದಿದ್ದು ನಮ್ಮ ತೋಟ ಒಂದೇ. ಏನು ಹೇಳಬೇಕೋ ತಿಳಿಯುತ್ತಿಲ್ಲ ತಮ್ಮಾ. ರೋಲ್ ನೋಡಿಕೊಳ್ಳಬೇಕಿತ್ತು.

ಕೂಡ್ಲಿ ಸಂಗಮ
ನಂಬರ್ ಮೊದಲು, ವಿಷಯ ಆಮೇಲೆ ಬರೆದರೆ?

ಭದ್ರಾವತಿ ಫಿಟ್ಟರ್
ಆಗ ಟೇಪಿನಲ್ಲೂ ನಂಬರೇ ಮೊದಲು ಇರಬೇಕಿತ್ತು. ಇಲ್ಲವಲ್ಲ.

ತೋಟದಮನೆ
ಎರಡು ದಿನ ಇಲ್ಲಿಗೆ ಬರಲಾಗಲಿಲ್ಲ. ಅಪ್ಪನಿಗೆ ಎಲ್ಲ ಹೇಳಿದೆ. ‘ಒಬ್ಬರ ತೋಟವಾದರೂ ಉಳಿಯಿತಲ್ಲ, ಕಳಿಸಿ ಬಾ’ ಅಂದರು. ಅಣ್ಣಾ, ಭಾನುವಾರ ಮೊದಲ ಬಸ್ಸಿಗೆ ಬರುತ್ತೇನೆ. ಟೇಪಿನಲ್ಲಿ ಹೇಗಿದೆಯೋ ಹಾಗೇ ಶುರು ಮಾಡಿ, ಕೊನೆಗೆ ನಮ್ಮ ಮನೆ ಹೆಸರು, ನಂಬರ್ ಎರಡನ್ನೂ ಹಾಕಿಯೇ ಹಾಕುತ್ತೇನೆ. ಬರುವಾಗ ಎರಡು ರೋಲ್ ತರುತ್ತೇನೆ.