ಎಮೋಷನ್ ಪದದೊಳಗೆ ಮೋಷನ್ ಇರೋದು ಕಾಕತಾಳೀಯವೇ?

ಪ್ರಶ್ನೆ: ಮೋಷನ್ ಅಂದರೆ ಚಲನೆ, ಎಮೋಷನ್ ಅಂದರೆ ಭಾವನೆ. ಎರಡಕ್ಕೂ ಮೂಲ ಒಂದೇನಾ? ‘ಐ ವಾಸ್ ಮೂವ್ಡ್’ ಅನ್ನೋದನ್ನ ಕನ್ನಡಕ್ಕೆ ಹೇಗೆ ತರೋದು?

ಉತ್ತರ 1: ಮೂಲ ಒಂದೇ. ಲ್ಯಾಟಿನ್ನಿನ ‘ಮೊವೇರೆ’ ಎಂದರೆ ಕದಲಿಸು. ಅದರ ಹಿಂದೆ ‘ಹೊರಕ್ಕೆ’ ಎಂಬರ್ಥದ ‘ಎ’ ಸೇರಿ ‘ಎಮೊವೇರೆ’ ಆಯಿತು. 16ನೇ ಶತಮಾನದಲ್ಲಿ ಫ್ರೆಂಚ್ ಮೂಲಕ ಇಂಗ್ಲಿಷಿಗೆ ಬಂದಾಗ ಎಮೋಷನ್ ಅಂದರೆ ಜನರ ದಂಗೆ, ಗಲಭೆ! ಒಂದೆಡೆಯಿಂದ ಇನ್ನೊಂದೆಡೆಗೆ ವಲಸೆ ಹೋಗುವುದಕ್ಕೂ ಇದೇ ಪದ ಬಳಕೆಯಲ್ಲಿತ್ತು. ಮನಸ್ಸಿನ ತಳಮಳ ಎಂಬ ಅರ್ಥ ಗಟ್ಟಿಯಾಗಿ ನಿಂತದ್ದು ಆಮೇಲೆ. ಮೋಟಾರ್, ಮೋಟಿವ್, ಮೊಮೆಂಟ್ ಎಲ್ಲ ಇದೇ ಮನೆಯ ಮಕ್ಕಳು.

ಉತ್ತರ 2: ಅನುವಾದದಲ್ಲಿ ಎಡವೋದು ಕರ್ತೃ-ಕರ್ಮದಲ್ಲಿ. ‘ಐ ಮೂವ್ಡ್’ ಅಂದರೆ ಕದಲಿದೆ, ಜಾಗ ಬದಲಿಸಿದೆ. ‘ಐ ವಾಸ್ ಮೂವ್ಡ್’ ಭಾವಕ್ಕೆ ಬಂದಾಗ ‘ಮನ ಕಲಕಿತು’, ‘ಮನಸ್ಸು ಕರಗಿತು’. ಇಲ್ಲಿ ಕರ್ತೃ ‘ನಾನು’ ಅಲ್ಲ, ಮನಸ್ಸು. ‘ಮೂವಿಂಗ್ ಸ್ಪೀಚ್’ಗೆ ‘ಚಲಿಸುವ ಭಾಷಣ’ ಬರೆದರೆ ಅರ್ಥವೇ ಕೆಡುತ್ತೆ. ‘ಮನ ಕಲಕುವ ಭಾಷಣ’ ಅನ್ನಿ.

ಉತ್ತರ 3: ನಮ್ಮಲ್ಲೂ ಇದೇ ಜಾಡಿದೆ. ‘ಉದ್ವೇಗ’, ‘ವೇಗ’ ಎರಡೂ ಸಂಸ್ಕೃತದ ‘ವಿಜ್’ ಧಾತುವಿನಿಂದ ಬಂದವು. ನಡುಗು, ಅಲುಗು ಅಂತ ಅದರ ಅರ್ಥ.