ಸಹಾಯ ಬೇಕು: ಜಪಾನಿನ ಮೇಜಿ ಕಾಲದ (1868–1912) ರೇಷ್ಮೆ ಕಾರ್ಖಾನೆಗಳ ಕೂಲಿ ಲೆಕ್ಕ

ಎಲ್ಲರಿಗೂ ನಮಸ್ಕಾರ. ಜಪಾನಿನ ರೇಷ್ಮೆ ಉದ್ಯಮದ ಬಗ್ಗೆ ಓದುತ್ತಾ ಒಂದು ವಿಷಯದಲ್ಲಿ ಮುಂದೆ ಹೋಗಲಾಗದೆ ನಿಂತಿದ್ದೇನೆ. 1872ರಲ್ಲಿ ಸರ್ಕಾರ ಆರಂಭಿಸಿದ ತೊಮಿಯೊಕಾ ಕಾರ್ಖಾನೆಯ ಇತಿಹಾಸ ಅರ್ಥವಾಗಿದೆ. ತೊಡಕಿರುವುದು ಆಮೇಲೆ ನಾಗಾನೊ ಪ್ರಾಂತದ ಸುವಾ ಸರೋವರದ ಸುತ್ತ ಬೆಳೆದ ಖಾಸಗಿ ಕಾರ್ಖಾನೆಗಳ ವಿಷಯದಲ್ಲಿ. ಅಲ್ಲಿ ಬಡ ರೈತರ ಹೆಣ್ಣುಮಕ್ಕಳು ಬಿಸಿನೀರಿನಲ್ಲಿ ತೇಲುವ ಗೂಡುಗಳಿಂದ ಎಳೆ ತೆಗೆಯುತ್ತಿದ್ದರು. ಆದರೆ ಕರಾರು ಒಪ್ಪಿ ಮುಂಗಡ ಪಡೆಯುತ್ತಿದ್ದವರು ಸಾಮಾನ್ಯವಾಗಿ ಅವರ ತಂದೆಯರು. ಇದು ನನ್ನನ್ನು ಬಹಳ ಕಾಡಿದ ಸಂಗತಿ. ತೆಗೆದ ನೂಲಿನ ಪ್ರಮಾಣ, ಗೂಡಿನ ಇಳುವರಿ, ಎಳೆಯ ಸಮತೆ, ಹೊಳಪು ಇವನ್ನೆಲ್ಲ ಪರೀಕ್ಷಿಸಿ, ಪ್ರತಿಯೊಬ್ಬಳನ್ನೂ ಉಳಿದವರ ಸರಾಸರಿಗೆ ಹೋಲಿಸಿ ಕೂಲಿ ಕಟ್ಟುತ್ತಿದ್ದರು.

ನನಗೆ ಗೊಂದಲವಾಗಿರುವುದು ಇಲ್ಲಿಯೇ. ಎಲ್ಲರೂ ಒಟ್ಟಾಗಿ ಚೆನ್ನಾಗಿ ದುಡಿದರೆ ಸರಾಸರಿಯೂ ಏರುವುದರಿಂದ ಯಾರ ಕೂಲಿಯೂ ಹೆಚ್ಚಬಾರದು. ಹಾಗಿದ್ದರೂ ನುರಿತ ಕೆಲಸಗಾರ್ತಿಯರಿಗಾಗಿ ಮಾಲೀಕರು ಪೈಪೋಟಿಗೆ ಇಳಿದು, ಅದನ್ನು ತಡೆಯಲು 20ನೇ ಶತಮಾನದ ಆರಂಭದಲ್ಲಿ ತಮ್ಮ ಒಕ್ಕೂಟದ ಮೂಲಕ ಆ ಕೆಲಸಗಾರ್ತಿಯರ ಹೆಸರು ನೋಂದಾಯಿಸುವ ವ್ಯವಸ್ಥೆಯನ್ನೇ ತಂದರು. ಕೈಗೆ ಸಿಕ್ಕ ಇಂಗ್ಲಿಷ್ ಲೇಖನಗಳನ್ನು ಓದಿದೆ. ಜಪಾನಿನ 1911ರ ಕಾರ್ಖಾನೆ ಕಾಯಿದೆಯ ಬಗೆಗಿನ ಬರಹಗಳನ್ನೂ ನೋಡಿದೆ, ಅವು ದುಡಿಮೆಯ ಗಂಟೆಗಳ ಕಡೆಗೇ ಹೊರಳುತ್ತವೆ.

ಬಲ್ಲವರು ದಯವಿಟ್ಟು ತಿಳಿಸಿ: ಸರಾಸರಿ ಮಟ್ಟದ ಕೆಲಸಕ್ಕೆ ಕೊಡುವ ಕೂಲಿಯ ಮೊತ್ತವನ್ನು ಯಾವ ಆಧಾರದ ಮೇಲೆ ನಿಗದಿಪಡಿಸುತ್ತಿದ್ದರು, ಮತ್ತು ರೇಷ್ಮೆಯ ಬೆಲೆ ಏರಿದಾಗ ಅದನ್ನು ಹೆಚ್ಚಿಸುತ್ತಿದ್ದರೇ?